ಅಬ್ದುಲ್ ಅಂದ್ರೆ ಅರ್ಧ ಹೆಸರು

ಬಸ್ಸಲ್ಲಿ ಕಂಬಿ ಹಿಡ್ಕೊಂಡು ನಿಂತಿರೋರಿಗೆ, ಮೆಟ್ರೋದಲ್ಲಿ ಸೀಟು ಸಿಕ್ಕಿರೋ ಪುಣ್ಯವಂತರಿಗೆ, ಪಾತ್ರೆ ತೊಳೀತಾ ಕೇಳ್ತಿರೋರಿಗೆ, ಎಲ್ರಿಗೂ ಸ್ವಾಗತ. ಇವತ್ತಿನ ಎಪಿಸೋಡ್ ಹೆಸರುಗಳ ಚರಿತ್ರೆ. ಅಬ್ದುಲ್, ಯೂಸುಫ್, ಆಯಿಷಾ, ಹುಸೇನ್, ಪರ್ವೀನ್. ನಮ್ಮ ಕ್ಲಾಸಲ್ಲಿ, ನಮ್ಮ ಬೀದೀಲಿ, ನಮ್ಮ ಫೋನಿನ ಕಾಂಟ್ಯಾಕ್ಟ್ ಲಿಸ್ಟಲ್ಲಿ ಇರೋ ಹೆಸರುಗಳು. ಇವು ಎಲ್ಲಿಂದ ಬಂದವು, ಇವುಗಳ ಅರ್ಥ ಏನು, ಇವನ್ನ ಹೇಗೆ ಕಟ್ಟಿದ್ದಾರೆ ಅನ್ನೋದೇ ವಿಷಯ. ಆದ್ರೆ ಅದಕ್ಕೂ ಮುಂಚೆ ನಾನೊಂದು ತಪ್ಪು ಒಪ್ಕೋಬೇಕು.

ಬಿ.ಕಾಂ. ಮುಗಿಸಿದ ಹೊಸತರಲ್ಲಿ ಒಂದು ಹಣಕಾಸು ಕಂಪನಿಯ ಆಫೀಸಿಗೆ ಕೆಲಸಕ್ಕೆ ಸೇರಿದ್ದೆ. ನನ್ನ ಕೆಲಸ ಕೆವೈಸಿ. ಆಧಾರ್‌ನಲ್ಲಿರೋ ಹೆಸರು, ಪ್ಯಾನ್‌ನಲ್ಲಿರೋ ಹೆಸರು, ನಮ್ಮ ಫಾರ್ಮಲ್ಲಿರೋ ಹೆಸರು, ಮೂರೂ ಅಕ್ಷರಕ್ಕೆ ಅಕ್ಷರ ಒಂದೇನಾ ಅಂತ ನೋಡೋದು. ಒಂದೇ ಇದ್ರೆ ಟಿಕ್. ಇಲ್ಲಾಂದ್ರೆ ‘ನೇಮ್ ಮಿಸ್‌ಮ್ಯಾಚ್’ ಅಂತ ಬರೆದು ಫೈಲ್ ವಾಪಸ್.

ಒಂದಿನ ಅರವತ್ತು ದಾಟಿದ ಹಿರಿಯರೊಬ್ಬರು ಬಂದ್ರು. ಅವರ ಹೆಂಡತಿ ತೀರ್ಕೊಂಡು ನಾಲ್ಕು ತಿಂಗಳಾಗಿತ್ತು. ಆಕೆ ಹೆಸರಲ್ಲಿ ಒಂದು ಡಿಪಾಸಿಟ್ ಇತ್ತು, ನಾಮಿನಿ ಇವರು. ಅವರ ನಿಜವಾದ ಹೆಸರು ಇಲ್ಲಿ ಹೇಳಲ್ಲ, ಅಬ್ದುಲ್ ರಹೀಮ್ ಅಂತ ಇಟ್ಕೊಳ್ಳೋಣ. ನಮ್ಮ ಫಾರ್ಮಲ್ಲಿ ‘ಅಬ್ದುಲ್ ರಹೀಮ್’. ಆಧಾರ್‌ನಲ್ಲಿ ‘ಅಬ್ದುರ್ರಹೀಮ್’, ಒಂದೇ ಪದ. ಪ್ಯಾನ್‌ನಲ್ಲಿ ಮೊದಲ ಹೆಸರು ‘ರಹೀಮ್’, ಸರ್‌ನೇಮ್ ‘ಅಬ್ದುಲ್’, ಉಲ್ಟಾ. ನಮ್ಮ ಸಿಸ್ಟಮ್ ಪ್ರಕಾರ ಇವರು ಮೂರು ಬೇರೆ ಬೇರೆ ಮನುಷ್ಯರು. ಫೈಲ್ ವಾಪಸ್ ಮಾಡಿದೆ. ಎರಡನೇ ಸಲ ಬಂದಾಗಲೂ ವಾಪಸ್ ಮಾಡಿದೆ. ಮೂರನೇ ಸಲ ಬಂದಾಗ ಕೌಂಟರಿಂದಲೇ ‘ಅಬ್ದುಲ್ ಅವ್ರೇ, ಬನ್ನಿ’ ಅಂತ ಕೂಗಿದೆ.

ಅವರು ಬಂದು ಕೂತು, ಸಿಟ್ಟು ಮಾಡ್ಕೊಳ್ಳದೆ ಹೇಳಿದ್ರು: ‘ನೋಡಮ್ಮಾ, ಅಬ್ದುಲ್ ಅಂದ್ರೆ ಬರೀ ಅರ್ಧ. ಯಾರದೋ ಆಳು ಅಂತ ಕರೆದ ಹಾಗಾಯ್ತು. ಯಾರ ಆಳು ಅಂತ ಹೇಳ್ದೇನೇ ಬಿಟ್ಟ ಹಾಗೆ.’

ಅವತ್ತು ರಾತ್ರಿ ಮನೆಗೆ ಬಂದು ಈ ಹೆಸರುಗಳ ಬಗ್ಗೆ ಓದೋಕೆ ಶುರು ಮಾಡಿದ್ದು. ಇನ್ನೂ ನಿಲ್ಲಿಸಿಲ್ಲ.

ದಾಸ, ಆದರೆ ಯಾರ ದಾಸ?

ಅರಬ್ಬಿಯಲ್ಲಿ ‘ಅಬ್ದ್’ ಅಂದ್ರೆ ದಾಸ. ನಡುವೆ ಬರೋ ‘ಅಲ್’ ನಿಜಕ್ಕೂ ಮುಂದಿನ ಪದಕ್ಕೆ ಸೇರಿದ್ದು, ಇಂಗ್ಲಿಷಿನ ‘ದಿ’ ಥರ. ‘ರಹೀಮ್’ ಅಂದ್ರೆ ಕರುಣಾಮಯಿ, ಇಸ್ಲಾಮಿನಲ್ಲಿ ದೇವರಿಗಿರೋ ಹೆಸರುಗಳಲ್ಲಿ ಒಂದು. ಮೂರೂ ಸೇರಿದ್ರೆ ‘ಕರುಣಾಮಯಿಯ ದಾಸ’. ಅಬ್ದುಲ್ ಕರೀಮ್ ಅಂದ್ರೆ ಉದಾರಿಯ ದಾಸ. ಅಬ್ದುಲ್ಲಾ ಅಂದ್ರೆ ಅಲ್ಲಾಹನ ದಾಸ, ಅಂದ್ರೆ ದೇವದಾಸ.

ನಮ್ಮಲ್ಲಿ ದಾಸ ಕೊನೆಗೆ ಬರುತ್ತೆ: ರಾಮದಾಸ, ಕೃಷ್ಣದಾಸ. ಅರಬ್ಬಿಯಲ್ಲಿ ಮೊದಲಿಗೇ ಬರುತ್ತೆ. ಅಷ್ಟೇ ವ್ಯತ್ಯಾಸ. ರಾಮದಾಸ ಅನ್ನೋರನ್ನ ತುಂಬಿದ ಆಫೀಸಲ್ಲಿ ‘ರೀ, ದಾಸ ಅವ್ರೇ, ಆಳು ಅವ್ರೇ’ ಅಂತ ಕೂಗಿದ್ರೆ ಹೇಗಿರುತ್ತೆ? ನಾನು ಕೂಗಿದ್ದೂ ಹಾಗೇ.

ಹಾಗಾದ್ರೆ ಆಧಾರ್‌ನಲ್ಲಿ ‘ಅಬ್ದುರ್ರಹೀಮ್’ ಯಾಕಿತ್ತು? ಅದು ತಪ್ಪಲ್ಲ, ಸಂಧಿ! ಹೈಸ್ಕೂಲಲ್ಲಿ ಸತ್ ಪ್ಲಸ್ ಜನ, ಸಜ್ಜನ ಅಂತ ಬಾಯಿಪಾಠ ಮಾಡಿದ್ದು ನೆನಪಿದೆಯಾ? ಮುಂದಿನ ಅಕ್ಷರ ಹಿಂದಿನ ಅಕ್ಷರವನ್ನ ತನ್ನ ಥರಾನೇ ಮಾಡ್ಕೊಳ್ಳುತ್ತೆ. ಅರಬ್ಬಿಯಲ್ಲೂ ರ, ಸ, ದ, ನ ಮುಂತಾದ ಕೆಲವು ಅಕ್ಷರಗಳು ಬಂದಾಗ ‘ಅಲ್’ನ ಲಕಾರ ಅದೇ ಅಕ್ಷರವಾಗಿ ಬದಲಾಗುತ್ತೆ. ಬರೆಯೋವಾಗ ಲ, ಓದೋವಾಗ ರ. ಬರೆದ ಹಾಗೆ ಇಟ್ಕೊಂಡ್ರೆ ಅಬ್ದುಲ್ ರಹೀಮ್, ಓದಿದ ಹಾಗೆ ಬರೆದ್ರೆ ಅಬ್ದುರ್ರಹೀಮ್. ಇಬ್ಬರು ಗುಮಾಸ್ತರು, ಇಬ್ಬರೂ ಸರಿ. ಮಧ್ಯದಲ್ಲಿ ಸಿಕ್ಕಿಹಾಕ್ಕೊಂಡಿದ್ದು ಆ ಹಿರಿಯರ ದುಡ್ಡು.

ಇದೇ ಕಾರಣಕ್ಕೆ ಮುಹಮ್ಮದ್, ಮೊಹಮ್ಮದ್, ಮಹಮದ್ ಅಂತ ಒಂದೇ ಹೆಸರಿಗೆ ಇಷ್ಟೊಂದು ಸ್ಪೆಲಿಂಗ್. ಅರಬ್ಬಿ ಬರಹದಲ್ಲಿ ಹ್ರಸ್ವ ಸ್ವರಗಳನ್ನ ಸಾಮಾನ್ಯವಾಗಿ ಬರೆಯಲ್ಲ. ಕಾಗದದ ಮೇಲೆ ಇರೋದು ಮ, ಹ, ಮ, ದ, ನಾಲ್ಕೇ ವ್ಯಂಜನ. ಅ, ಉ, ಒ ಎಲ್ಲಾ ಓದೋರ ನಾಲಿಗೆಯದ್ದು. ಟರ್ಕಿಯಲ್ಲಿ ಅದೇ ಮೆಹ್ಮೆತ್, ಪಶ್ಚಿಮ ಆಫ್ರಿಕಾದಲ್ಲಿ ಮಮಾದು. ನಮ್ಮ ಪಕ್ಕದ ಕೇರಳದಲ್ಲಿ ಮುಹಮ್ಮದ್ ಕುಟ್ಟಿ ಅನ್ನೋ ಹೆಸರು ಸವೆದು ಸವೆದು ಮಮ್ಮೂಟ್ಟಿ. ಹೌದು, ಆ ಮಮ್ಮೂಟ್ಟಿಯೇ.

ಹೆಸರಲ್ಲ, ವಿಳಾಸ

ನಮ್ಮ ಫಾರ್ಮಲ್ಲಿ ಎರಡು ಡಬ್ಬಿ ಇರುತ್ತೆ: ಫಸ್ಟ್ ನೇಮ್, ಲಾಸ್ಟ್ ನೇಮ್. ಹಳೇ ಅರಬ್ಬಿ ಪದ್ಧತಿಯಲ್ಲಿ ಒಬ್ಬ ಮನುಷ್ಯನ ಹೆಸರಿಗೆ ಐದು ಭಾಗ ಇರಬಹುದು.

ಒಂದು, ಇಸ್ಮ್. ಹುಟ್ಟಿದಾಗ ಇಟ್ಟ ಹೆಸರು. ಎರಡು, ನಸಬ್. ಯಾರ ಮಗ, ಯಾರ ಮಗಳು ಅನ್ನೋದು. ‘ಇಬ್ನ್’ ಅಂದ್ರೆ ಮಗ, ‘ಬಿಂತ್’ ಅಂದ್ರೆ ಮಗಳು. ಮೂರು, ಕುನ್ಯಾ. ಯಾರ ಅಪ್ಪ, ಯಾರ ಅಮ್ಮ ಅನ್ನೋದು. ‘ಅಬು’ ಅಂದ್ರೆ ಅಪ್ಪ, ‘ಉಮ್ಮ್’ ಅಂದ್ರೆ ಅಮ್ಮ. ನಮ್ಮಲ್ಲಿ ಹೆಂಗಸರು ಗಂಡನ ಹೆಸರು ಹೇಳದೆ ‘ನಮ್ಮ ಪಾಪು ಅಪ್ಪ’ ಅಂತಾರಲ್ಲ, ಹಾಗೆ. ಅಲ್ಲಿ ಅದು ಮರ್ಯಾದೆಯ ಹೆಸರು. ನಾಲ್ಕು, ಲಕಬ್. ಬಿರುದು. ಐದು, ನಿಸ್ಬಾ. ಎಲ್ಲಿಯವನು, ಯಾವ ಕುಲದವನು ಅನ್ನೋದು. ಸಾಮಾನ್ಯವಾಗಿ ಕೊನೆಗೊಂದು ‘ಈ’ ಸೇರುತ್ತೆ. ಬಾಗ್ದಾದಿ, ಬುಖಾರಿ, ಶಿರಾಜಿ.

ಉದಾಹರಣೆಗೆ 1187ರಲ್ಲಿ ಜೆರುಸಲೇಮನ್ನ ಗೆದ್ದ ಸಲಾಹುದ್ದೀನ್. ಯುರೋಪಿನವರ ಬಾಯಲ್ಲಿ ಸಲಾದಿನ್. ಅದು ಅವನ ಹೆಸರೇ ಅಲ್ಲ! ‘ಧರ್ಮದ ಒಳಿತು’ ಅನ್ನೋ ಅರ್ಥದ ಬಿರುದು. ಅವನ ಇಸ್ಮ್ ಯೂಸುಫ್. ಅಪ್ಪನ ಹೆಸರು ಅಯ್ಯೂಬ್. ಯೂಸುಫ್ ಇಬ್ನ್ ಅಯ್ಯೂಬ್. ನಮ್ಮ ಫಾರ್ಮ್ ಅವನಿಗೆ ಕೊಟ್ಟಿದ್ರೆ ಅವನ ಕೆವೈಸಿನೂ ರಿಜೆಕ್ಟ್ ಆಗ್ತಿತ್ತು.

ಕುನ್ಯಾದಲ್ಲಿ ತಮಾಷೆಯೂ ಇದೆ. ಪ್ರವಾದಿಯವರ ಒಬ್ಬ ಸಂಗಾತಿಗೆ ಅಬೂ ಹುರೈರಾ ಅಂತ ಹೆಸರು. ಅರ್ಥ, ಬೆಕ್ಕಿನಮರಿಯ ಅಪ್ಪ. ಚರಿತ್ರೆಯಲ್ಲಿ ಅವರು ಉಳಿದಿರೋದು ಆ ಹೆಸರಿಂದಲೇ. ಅರಬ್ ಜಗತ್ತನ್ನೇ ಹುಚ್ಚು ಹಿಡಿಸಿದ ಈಜಿಪ್ಟಿನ ಗಾಯಕಿ ಉಮ್ಮ್ ಕುಲ್ಸೂಮ್ ಅವರ ಹೆಸರೂ ‘ಕುಲ್ಸೂಮಳ ಅಮ್ಮ’ ಅನ್ನೋ ಅಚ್ಚಿನದೇ.

ಈಗ ನಮ್ಮ ಜಿಕೆ ಪುಸ್ತಕದ ಇಬ್ಬರನ್ನ ಪಕ್ಕಪಕ್ಕ ನಿಲ್ಲಿಸೋಣ. ಅಬುಲ್ ಕಲಾಂ ಆಜಾದ್, ದೇಶದ ಮೊದಲ ಶಿಕ್ಷಣ ಮಂತ್ರಿ. ಅಬ್ದುಲ್ ಕಲಾಂ, ನಮ್ಮ ರಾಷ್ಟ್ರಪತಿಯಾಗಿದ್ದವರು. ವ್ಯತ್ಯಾಸ ಒಂದು ದಕಾರ. ಪರೀಕ್ಷೆಯಲ್ಲಿ ನಾನಂತೂ ಅದಲುಬದಲು ಮಾಡಿದ್ದೆ. ‘ಕಲಾಂ’ ಅಂದ್ರೆ ಮಾತು. ಒಬ್ಬರು ‘ಅಬು’, ಮಾತಿನ ಅಪ್ಪ. ಇನ್ನೊಬ್ಬರು ‘ಅಬ್ದ್’, ದಾಸ. 1888ರಲ್ಲಿ ಮೆಕ್ಕಾದಲ್ಲಿ ಹುಟ್ಟಿದ ಆಜಾದರಿಗೆ ‘ಅಬುಲ್ ಕಲಾಂ’ ಬಿರುದಿನಂಥ ಹೆಸರು. ‘ಆಜಾದ್’ ಪರ್ಶಿಯನ್ ಪದ, ಸ್ವತಂತ್ರ ಅಂತ, ಅದು ಕಾವ್ಯನಾಮ. ಇನ್ನು ಎ.ಪಿ.ಜೆ. ಅಬ್ದುಲ್ ಕಲಾಂ ಅವರ ‘ಜೆ’ ಅಂದ್ರೆ ಅವರ ಅಪ್ಪ ಜೈನುಲಾಬ್ದೀನ್. ಅದು ‘ಜೈನ್-ಉಲ್-ಆಬಿದೀನ್’, ಭಕ್ತರಿಗೆ ಅಲಂಕಾರವಾದವನು. ಆ ‘ಆಬಿದ್’ ಮತ್ತು ಮಗನ ಹೆಸರಿನ ‘ಅಬ್ದ್’ ಎರಡೂ ಒಂದೇ ಬೇರಿನವು.

ನಿಸ್ಬಾಕ್ಕೆ ಉದಾಹರಣೆ ನಿಮ್ಮ ಕೈಯಲ್ಲೇ ಇದೆ, ಫೋನಲ್ಲಿ. ಒಂಬತ್ತನೇ ಶತಮಾನದ ಬಾಗ್ದಾದಿನಲ್ಲಿ ಮುಹಮ್ಮದ್ ಇಬ್ನ್ ಮೂಸಾ ಅಲ್-ಖ್ವಾರಿಜ್ಮಿ ಅನ್ನೋ ಗಣಿತಜ್ಞ ಇದ್ದ. ಮೂಸಾನ ಮಗ ಮುಹಮ್ಮದ್, ಖ್ವಾರಿಜ್ಮ್ ಪ್ರದೇಶದವನು. ಮಧ್ಯ ಏಷ್ಯಾದ ಸೀಮೆ ಅದು. ಭಾರತದ ಅಂಕಿಗಳಲ್ಲಿ ಲೆಕ್ಕ ಮಾಡೋದು ಹೇಗೆ ಅಂತ ಅವನು ಬರೆದ ಪುಸ್ತಕ ಲ್ಯಾಟಿನ್ನಿಗೆ ಹೋಯ್ತು. ಅಲ್ಲಿ ಅಲ್-ಖ್ವಾರಿಜ್ಮಿ ‘ಅಲ್ಗೊರಿತ್ಮಿ’ ಆದ. ಅಲ್ಲಿಂದ ಬಂದಿದ್ದೇ ಅಲ್ಗಾರಿದಮ್. ನಿಮಗೆ ಈ ಎಪಿಸೋಡ್ ತೋರಿಸಿದ್ದು ಒಬ್ಬ ಮನುಷ್ಯನ ಊರಿನ ಹೆಸರು.

ಕೆ, ಎಸ್, ನಿಸಾರ್ ಅಹಮದ್

ಇದೆಲ್ಲಾ ಎಲ್ಲೋ ದೂರದ ಅರಬ್ ದೇಶದ ಪದ್ಧತಿ ಅನ್ನಿಸ್ತಿದೆಯಾ? ‘ನಿತ್ಯೋತ್ಸವ’ದ ಕವಿ ಕೆ.ಎಸ್. ನಿಸಾರ್ ಅಹಮದ್ ಅವರ ಇನಿಷಿಯಲ್ ಬಿಡಿಸಿ ನೋಡಿ. ಕೊಕ್ಕರೆ ಹೊಸಹಳ್ಳಿ ಶೇಖ್ ಹೈದರ್ ನಿಸಾರ್ ಅಹಮದ್. ‘ಕೆ’ ಊರು, ಅಂದ್ರೆ ನಿಸ್ಬಾ. ‘ಎಸ್’ ಅಪ್ಪನ ಹೆಸರು, ಅಂದ್ರೆ ನಸಬ್. ಆಮೇಲೆ ಇಸ್ಮ್. ಅರಬ್ಬಿಯಲ್ಲಿ ಊರು ಕೊನೆಗೆ ಬರುತ್ತೆ, ನಮ್ಮಲ್ಲಿ ಮೊದಲಿಗೆ. ಅದೇ ವಿಳಾಸ, ನಾವು ತಿರುಗಿಸಿ ಬರೀತೀವಿ.

ಶಿಶುನಾಳ ಶರೀಫ, ಊರು ಮತ್ತು ಹೆಸರು. ‘ಶರೀಫ್’ ಅಂದ್ರೆ ಸತ್ಕುಲದವನು, ಗೌರವಸ್ಥ. ಬೋಳುವಾರು ಮಹಮದ್ ಕುಂಞಿ, ಬೋಳುವಾರು ಪುತ್ತೂರಿನ ಜಾಗ, ‘ಕುಂಞಿ’ ಕರಾವಳಿಯ ಮಾತಲ್ಲಿ ಮಗು. ರಹಮತ್ ತರೀಕೆರೆ ಅವರಂತೂ ಅರಬ್ಬಿ ಕ್ರಮದಲ್ಲೇ ಊರನ್ನ ಕೊನೆಗಿಟ್ಟಿದ್ದಾರೆ: ಕರುಣೆ ಅನ್ನೋ ಅರ್ಥದ ಹೆಸರು, ಪಕ್ಕದಲ್ಲಿ ಚಿಕ್ಕಮಗಳೂರು ಜಿಲ್ಲೆಯ ಊರು. ಉತ್ತರ ಕರ್ನಾಟಕದ ಕಡೆ ಹೋದ್ರೆ ಮನೆತನದ ಹೆಸರುಗಳಲ್ಲಿ ಕಸುಬು ಸಿಗುತ್ತೆ. ನದಾಫ್ ಅಂದ್ರೆ ಹತ್ತಿ ಹಿಂಜೋರು, ಅತ್ತಾರ್ ಅಂದ್ರೆ ಅತ್ತರು ಮಾರೋರು. ಪಕ್ಕದ ಮನೆಯ ಪತ್ತಾರ್, ಬಡಿಗೇರ್ ಇದ್ದ ಹಾಗೆ.

ಈಗ ನಿಮ್ಮ ಹೆಸರಿಗೇ ಬನ್ನಿ. ನೀವು ಮಂಜುನಾಥ ಕೆ. ಅಂತಿಟ್ಕೊಳ್ಳಿ. ಪ್ಯಾನ್ ಅರ್ಜಿ ತುಂಬೋವಾಗ ಇನಿಷಿಯಲ್ ಬಿಡಿಸಿ ಬರೆಯಬೇಕಾಗುತ್ತೆ. ‘ಕೆ’ ಅಪ್ಪ ಕೃಷ್ಣಪ್ಪನೋ, ಊರು ಕೊರಟಗೆರೆಯೋ? ಯಾವುದೋ ಒಂದು ಸರ್‌ನೇಮ್ ಆಗಿ ಕೂತ್ಕೊಳ್ಳುತ್ತೆ. ಆಮೇಲೆ ಕಾಲ್ ಸೆಂಟರಿನವರು ನಿಮಗೆ ಫೋನ್ ಮಾಡಿ ‘ಮಿಸ್ಟರ್ ಕೃಷ್ಣಪ್ಪ’ ಅಂತ ನಿಮ್ಮಪ್ಪನನ್ನ ಮಾತಾಡಿಸ್ತಾರೆ. ನನ್ನ ಕೌಂಟರಿಗೆ ಬಂದ ಆ ಹಿರಿಯರಿಗೂ ನಿಮಗೂ ಇರೋ ಕಷ್ಟ ಒಂದೇ. ಸರ್‌ನೇಮ್ ಅನ್ನೋದನ್ನೇ ಇಟ್ಕೊಳ್ಳದ ಎರಡು ಪದ್ಧತಿಗಳು, ಸರ್‌ನೇಮ್ ಕೇಳೋ ಒಂದೇ ಫಾರ್ಮಿನ ಮುಂದೆ ನಿಂತಿವೆ.

ಲೆಡ್ಜರಲ್ಲಿರೋ ಹೆಸರುಗಳು

ಅರಬ್ಬಿ ಪದಗಳು ಹುಟ್ಟೋದು ಧಾತುವಿಂದ. ಸಂಸ್ಕೃತದ ಥರಾನೇ, ಆದ್ರೆ ಇಲ್ಲಿ ಧಾತು ಅಂದ್ರೆ ಬಹುತೇಕ ಮೂರು ವ್ಯಂಜನ. ಸ್ವರ ಬದಲಾಯಿಸ್ತಾ ಹೋದ್ರೆ ಪದ ಬದಲಾಗುತ್ತೆ. ಹ-ಮ-ದ ಅನ್ನೋದು ಹೊಗಳಿಕೆಯ ಧಾತು. ಮುಹಮ್ಮದ್ ಅಂದ್ರೆ ಹೊಗಳಿಸಿಕೊಂಡವನು, ಅಹ್ಮದ್ ಅಂದ್ರೆ ಹೆಚ್ಚು ಹೊಗಳಿಕೆಗೆ ಅರ್ಹ, ಜೊತೆಗೆ ಮಹ್ಮೂದ್, ಹಮೀದ್, ಹಮೀದಾ. ಬೀದರಿನಲ್ಲಿ ಮದರಸಾ ಕಟ್ಟಿಸಿದ ಬಹಮನಿ ಮಂತ್ರಿ ಮಹಮೂದ್ ಗವಾನ್ ಹೆಸರಲ್ಲಿರೋದೂ ಅದೇ. ಸ-ಲ-ಮ ಶಾಂತಿ, ಸುರಕ್ಷತೆಯ ಧಾತು. ಸಲೀಮ್, ಸಲ್ಮಾ, ಅಸ್ಲಮ್, ಸಲಾಂ, ಇಸ್ಲಾಂ, ಮುಸ್ಲಿಂ, ಎಲ್ಲಾ ಅದೇ ಮನೆಯವರು.

ಕಾಮರ್ಸ್ ಓದಿದ ನನಗೆ ಖುಷಿ ಕೊಟ್ಟಿದ್ದು ಇದರ ಮುಂದಿನ ಭಾಗ. ಈ ಧಾತುಗಳು ಎಷ್ಟೋ ಕಾಲದಿಂದ ನಮ್ಮ ಲೆಕ್ಕದ ಪುಸ್ತಕದಲ್ಲೇ ಇವೆ. ಅಬ್ದುಲ್ ಬಾಕಿ ಅಂದ್ರೆ ಎಂದೆಂದೂ ಉಳಿಯುವವನ ದಾಸ. ನಾವು ಅಂಗಡಿಯಲ್ಲಿ ‘ಇನ್ನೂ ಇನ್ನೂರು ಬಾಕಿ’ ಅಂತೀವಲ್ಲ, ಅದೇ ಬಾಕಿ, ಉಳಿದದ್ದು. ಮಂಜೂರ್ ಅನ್ನೋ ಹೆಸರು, ನಿಮ್ಮ ಲೋನ್ ಮಂಜೂರಾಯ್ತು ಅನ್ನೋ ಪದ, ಎರಡೂ ಒಂದೇ: ಕಣ್ಣಿಗೆ ಬಿದ್ದು ಒಪ್ಪಿಗೆಯಾದದ್ದು. ನಜರು ಅನ್ನೋದೂ ಅದೇ ಬೇರಿಂದ. ಮಕ್ಬೂಲ್ ಫಿದಾ ಹುಸೇನ್ ಅನ್ನೋ ಚಿತ್ರಕಾರನ ಮಕ್ಬೂಲ್, ನಮ್ಮ ಕಬೂಲು, ಒಂದೇ ಬೇರು. ಅಬ್ದುಲ್ ಹಕ್ ಅನ್ನೋರ ಹಕ್, ನಮ್ಮ ಹಕ್ಕು. ವಾರಿಸ್ ಅನ್ನೋರ ಹೆಸರು, ನಮ್ಮ ವಾರಸುದಾರ. ಅಮೀನ್, ಅಮೀನಾ ಅಂದ್ರೆ ನಂಬಿಕಸ್ಥರು. ಕೋರ್ಟಿನ ಅಮೀನ ಅಲ್ಲಿಂದಲೇ ಬಂದ. ನಂಬಿ ಒಪ್ಪಿಸಿದ ವಸ್ತು ಅಮಾನತ್ತು. ಇವತ್ತು ಪೇಪರಲ್ಲಿ ‘ಅಧಿಕಾರಿ ಅಮಾನತ್ತು’ ಅಂತ ಓದ್ತೀವಿ. ಪದ ಎಲ್ಲಿಂದೆಲ್ಲಿಗೆ ಬಂತು ನೋಡಿ.

ಹೆಣ್ಣುಮಕ್ಕಳ ಹೆಸರು ನೋಡಿ. ಆಯಿಷಾ ಅಂದ್ರೆ ಬದುಕಿರುವವಳು. ‘ಐಷ್’ ಅಂದ್ರೆ ಬದುಕು. ನಮ್ಮ ಐಷಾರಾಮದ ಐಷ್ ಅದೇ. ಖದೀಜಾ ಅನ್ನೋ ಹೆಸರು ತಿಂಗಳು ತುಂಬೋ ಮುಂಚೆ ಹುಟ್ಟಿದ್ದು ಅನ್ನೋ ಅರ್ಥದ ಧಾತುವಿಂದ ಬಂದದ್ದು. ಆ ಹೆಸರಿನ ಮಹಿಳೆ ಮೆಕ್ಕಾದ ದೊಡ್ಡ ವ್ಯಾಪಾರಿ. ಮುಹಮ್ಮದರಿಗೆ ತಮ್ಮ ಸರಕು ಒಪ್ಪಿಸಿ ವ್ಯಾಪಾರಕ್ಕೆ ಕಳಿಸಿ, ಅವರ ಪ್ರಾಮಾಣಿಕತೆ ನೋಡಿ ಮದುವೆಯಾದವರು. 2025ರಲ್ಲಿ ಅಂತಾರಾಷ್ಟ್ರೀಯ ಬೂಕರ್ ಪ್ರಶಸ್ತಿ ಕನ್ನಡಕ್ಕೆ ತಂದ ಬಾನು ಮುಷ್ತಾಕ್ ಅವರ ಹೆಸರಲ್ಲಿ ಎರಡು ಭಾಷೆ. ‘ಬಾನು’ ಪರ್ಶಿಯನ್, ಮಾನ್ಯ ಮಹಿಳೆ ಅಂತ. ‘ಮುಷ್ತಾಕ್’ ಅರಬ್ಬಿ, ಹಂಬಲಿಸುವವರು ಅಂತ. ಅದರ ಬೇರು ‘ಶೌಕ್’. ನಮ್ಮ ಶೋಕಿ ಹುಟ್ಟಿದ್ದೂ ಅಲ್ಲೇ.

ಒಂದು ಎಚ್ಚರಿಕೆ. ಕಿವಿಗೆ ಒಂದೇ ಥರ ಕೇಳಿಸಿದ್ದೆಲ್ಲಾ ನೆಂಟರಲ್ಲ. ತಾರಿಕ್ ಅನ್ನೋ ಹೆಸರು, ರಾತ್ರಿ ಬಂದು ಬಾಗಿಲು ತಟ್ಟುವವನು ಅನ್ನೋ ಅರ್ಥದ್ದು. ಅದಕ್ಕೂ ಕ್ಯಾಲೆಂಡರಿನ ತಾರೀಖಿಗೂ ಸಂಬಂಧ ಇಲ್ಲ.

ಅರಬ್ಬಿ ಬೇರೆ, ಮುಸ್ಲಿಂ ಬೇರೆ

ನಾವೆಲ್ಲ ಮಾಡೋ ಇನ್ನೊಂದು ಲೆಕ್ಕಾಚಾರದ ತಪ್ಪಿದೆ. ಹೆಸರು ಕೇಳಿದ ತಕ್ಷಣ ಧರ್ಮ ತೀರ್ಮಾನ ಮಾಡಿಬಿಡೋದು. ಪ್ರವಾದಿ ಮುಹಮ್ಮದರ ತಂದೆಯ ಹೆಸರು ಅಬ್ದುಲ್ಲಾ. ಮಗ ಹುಟ್ಟೋ ಮುಂಚೆಯೇ ತೀರಿಕೊಂಡವರು. ಆಗಿನ್ನೂ ಇಸ್ಲಾಂ ಬೋಧನೆ ಶುರುವೇ ಆಗಿರಲಿಲ್ಲ. ಅಂದ್ರೆ ಹೆಸರು ಮೊದಲಿತ್ತು, ಧರ್ಮ ಆಮೇಲೆ ಬಂತು. ಇವತ್ತಿಗೂ ಲೆಬನಾನ್, ಈಜಿಪ್ಟಿನ ಅರಬ್ ಕ್ರೈಸ್ತರು ದೇವರಿಗೆ ಅಲ್ಲಾಹ್ ಅಂತಲೇ ಅನ್ನೋದು. ಕವಿ ಖಲೀಲ್ ಗಿಬ್ರಾನ್ ಲೆಬನಾನಿನ ಕ್ರೈಸ್ತ. ‘ಖಲೀಲ್’ ಅಪ್ಪಟ ಅರಬ್ಬಿ, ಗೆಳೆಯ ಅಂತ ಅರ್ಥ.

ಇನ್ನು ಮುಸ್ಲಿಮರಲ್ಲಿ ತುಂಬಾ ಕೇಳೋ ಎಷ್ಟೋ ಹೆಸರು ಅರಬ್ಬಿಗಿಂತ ಹಳೆಯವು, ಹೀಬ್ರೂ ಕಡೆಯವು. ಕನ್ನಡ ಬೈಬಲ್ ತೆಗೆದು ನೋಡಿ. ಅಲ್ಲಿನ ಯೋಸೇಫ ಇಲ್ಲಿ ಯೂಸುಫ್. ಯೋಬ ಅಯ್ಯೂಬ್. ಯೋನ ಯೂನುಸ್. ದಾವೀದ ದಾವೂದ್. ಸೊಲೊಮೋನ ಸುಲೇಮಾನ್. ಮೋಶೆ ಮೂಸಾ. ಯೇಸು ಈಸಾ. ಸಲಾಹುದ್ದೀನ್ ನೆನಪಿದ್ದಾನಲ್ಲ? ಅವನು ಯೋಬನ ಮಗ ಯೋಸೇಫ. ಅವನ ಜೊತೆ ಯುದ್ಧ ಮಾಡಿದವರ ಸೈನ್ಯದಲ್ಲೂ ಯೋಸೇಫರು ಇದ್ದಿರಬಹುದು.

ಪರ್ಶಿಯನ್ ಕಡೆಯಿಂದ ಬಂದವು ಬೇರೆ. ಪರ್ವೀನ್ ಅಂದ್ರೆ ಕೃತ್ತಿಕಾ ನಕ್ಷತ್ರ. ಶಬನಮ್ ಅಂದ್ರೆ ಇಬ್ಬನಿ. ಯಾಸ್ಮೀನ್ ಮಲ್ಲಿಗೆ. ಫಿರೋಜ್, ರುಸ್ತುಂ, ಶಿರೀನ್ ಪಾರ್ಸಿಗಳಲ್ಲೂ ಇವೆ, ಮುಸ್ಲಿಮರಲ್ಲೂ ಇವೆ. ಬೇಗಂ, ಖಾನ್ ಮಧ್ಯ ಏಷ್ಯಾದ ತುರ್ಕಿಯರ ಕಡೆಯಿಂದ ಬಂದವು. ವಿಜಯಪುರದ ಆದಿಲ್ ಶಾಹಿಗಳ ‘ಆದಿಲ್’ ಅರಬ್ಬಿ, ನ್ಯಾಯವಂತ. ನಮ್ಮ ಅದಾಲತ್ತಿನ ಬಂಧು. ‘ಶಾಹ್’ ಪರ್ಶಿಯನ್, ರಾಜ. ಒಂದೇ ಬಿರುದಲ್ಲಿ ಎರಡು ದೇಶ. ಇಂಡೋನೇಷ್ಯಾಕ್ಕೆ ಹೋದ್ರೆ ಇನ್ನೂ ಮಜಾ. ಅಲ್ಲಿ ಅಧ್ಯಕ್ಷೆಯಾಗಿದ್ದ ಮುಸ್ಲಿಂ ಮಹಿಳೆಯ ಹೆಸರು ಮೇಘಾವತಿ ಸುಕರ್ಣೋಪುತ್ರಿ. ಅವರ ಅಪ್ಪ, ಮೊದಲ ಅಧ್ಯಕ್ಷ ಸುಕರ್ಣೋಗೆ ಹೆಸರಿಟ್ಟಿದ್ದು ಮಹಾಭಾರತದ ಕರ್ಣನ ನೆನಪಲ್ಲಿ.

ಸಿನಿಮಾದವರ ಕಥೆ ಗೊತ್ತೇ ಇದೆ. ಯೂಸುಫ್ ಖಾನ್ ಅನ್ನೋ ನಟ ತೆರೆಗೆ ಬರೋವಾಗ ದಿಲೀಪ್ ಕುಮಾರ್ ಆದ್ರು. ದಿಲೀಪ್ ಕುಮಾರ್ ಅಂತ ಹೆಸರಿಟ್ಟ ಮದ್ರಾಸಿನ ಹುಡುಗ ಎ.ಆರ್. ರೆಹಮಾನ್ ಆದ್ರು.

ಐಸಮ್ಮ, ಹುಸೇನಪ್ಪ

ಕೊನೆಗೆ ನಮ್ಮೂರಿಗೆ ಬರೋಣ. ದಕ್ಷಿಣ ಕನ್ನಡದ ಬ್ಯಾರಿ ಮನೆಗಳ ಅಜ್ಜಿಯರ ಹೆಸರು ಕೇಳಿ. ಐಸಮ್ಮ, ಮರಿಯಮ್ಮ, ಖತೀಜಮ್ಮ. ಆಯಿಷಾ, ಮರ್ಯಮ್, ಖದೀಜಾ, ಜೊತೆಗೆ ನಮ್ಮ ‘ಅಮ್ಮ’. ಅಜ್ಜಂದಿರಲ್ಲಿ ಮೊಯ್ದೀನ್ ಅಂತ ತುಂಬಾ ಜನ. ಅದು ‘ಮುಹಿಯುದ್ದೀನ್’, ಧರ್ಮಕ್ಕೆ ಮತ್ತೆ ಜೀವ ಕೊಟ್ಟವನು. ಬಾಗ್ದಾದಿನ ಸೂಫಿ ಸಂತ ಅಬ್ದುಲ್ ಕಾದಿರ್ ಜೀಲಾನಿಯವರ ಬಿರುದು. 1166ರಲ್ಲಿ ತೀರಿಕೊಂಡ ಸಂತನ ಬಿರುದು ಸಮುದ್ರ ದಾಟಿ ಬಂದು ಅರಬ್ಬಿ ಕಡಲಿನ ಈಚೆ ದಡದಲ್ಲಿ ಸಲೀಸಾಗಿ ಮೊಯ್ದೀನ್ ಆಗಿದೆ.

ಹೆಸರು ಬಂದ ದೊಡ್ಡ ದಾರಿಯೇ ಸೂಫಿಗಳದ್ದು. ಕಲಬುರಗಿಯ ಖ್ವಾಜಾ ಬಂದೇ ನವಾಜ್ ಅವರ ಇಸ್ಮ್ ಮುಹಮ್ಮದ್. ‘ಬಂದೇ ನವಾಜ್’ ಜನ ಕೊಟ್ಟ ಬಿರುದು, ಪರ್ಶಿಯನ್ನಲ್ಲಿ ‘ದಾಸರನ್ನು ಸಲಹುವವನು’. ಅರಬ್ಬಿಯ ಅಬ್ದ್, ಪರ್ಶಿಯನ್ನಿನ ಬಂದಾ, ನಮ್ಮ ದಾಸ, ಮೂರೂ ಒಂದೇ. ದೇವನಹಳ್ಳಿಯಲ್ಲಿ ಹುಟ್ಟಿದ ಹೈದರ್ ಅಲಿಯ ಮಗನಿಗೆ ಟಿಪ್ಪು ಅಂತ ಹೆಸರಿಟ್ಟಿದ್ದೂ ಅರ್ಕಾಟಿನ ಸಂತ ಟಿಪ್ಪು ಮಸ್ತಾನ್ ಔಲಿಯಾ ಹೆಸರಲ್ಲಿ.

ಉತ್ತರ ಕರ್ನಾಟಕದಲ್ಲಿ ಇನ್ನೊಂದು ನಡೀತು. ಹುಸೇನಪ್ಪ, ಫಕೀರಪ್ಪ, ಫಕೀರವ್ವ. ಈ ಹೆಸರಿನ ಎಷ್ಟೋ ಜನ ಹಿಂದೂಗಳು. ಹುಸೇನ್ ಅಂದ್ರೆ ಪ್ರವಾದಿಯವರ ಮೊಮ್ಮಗ, 680ರಲ್ಲಿ ಕರ್ಬಲಾದಲ್ಲಿ ಹತರಾದವರು. ‘ಹಸನ್’ ಅಂದ್ರೆ ಚೆಲುವ, ‘ಹುಸೇನ್’ ಅಂದ್ರೆ ಪುಟ್ಟ ಚೆಲುವ. ಮೊಹರಂನಲ್ಲಿ ಅಲೈ ದೇವರಿಗೆ ಹರಕೆ ಹೊತ್ತು ಮಗು ಹುಟ್ಟಿದ್ರೆ ಅದೇ ಹೆಸರು, ಜೊತೆಗೊಂದು ಅಪ್ಪ. ಇರಾಕಿನ ಮರಳಲ್ಲಿ ಸತ್ತವನ ಹೆಸರನ್ನ ರಾಯಚೂರಿನ ರೈತನೊಬ್ಬ ತನ್ನ ಮಗನಿಗೆ ಇಟ್ಟಿದ್ದಾನೆ. ಆ ಹುಸೇನಪ್ಪನ ಧರ್ಮ ಯಾವುದು ಅಂತ ಹೆಸರು ನೋಡಿ ಹೇಳಿ ನೋಡೋಣ.

ಇನ್ನೊಂದು ಪದ ಇದೆ, ಹೇಳೋಕೆ ಸ್ವಲ್ಪ ಮುಜುಗರ. ಸಾಬ. ‘ಸಾಬ್ರು’ ಅಂತ ಒಂದು ಥರದ ದನಿಯಲ್ಲಿ ಅನ್ನೋದನ್ನ ನಾವೆಲ್ಲ ಕೇಳಿದ್ದೀವಿ, ಕೆಲವರು ಅಂದಿದ್ದೀವಿ. ಅದು ಅರಬ್ಬಿಯ ‘ಸಾಹಿಬ್’. ಮೂಲದಲ್ಲಿ ಸಂಗಾತಿ, ಜೊತೆಗಾರ. ಪ್ರವಾದಿಯವರ ಒಡನಾಡಿಗಳನ್ನ ಸಹಾಬಾ ಅನ್ನೋದೂ ಅದೇ ಬೇರಿಂದ. ಆಮೇಲೆ ದೊಡ್ಡವರನ್ನ ಗೌರವದಿಂದ ಕರೆಯೋ ಪದವಾಯ್ತು. ಕಲೆಕ್ಟರ್ ಸಾಹೇಬ್ರು ಅನ್ನೋವಾಗ ಬೆನ್ನು ಬಗ್ಗಿಸೋ ನಾವು, ಅದೇ ಪದವನ್ನ ಗುಜರಿ ಅಂಗಡಿಯವನಿಗೆ ಅನ್ನೋವಾಗ ಮೂಗು ಮುರೀತೀವಿ. ಈಗ ಮೀಮ್‌ಗಳಲ್ಲಿ ‘ಅಬ್ದುಲ್’ ಅನ್ನೋದಕ್ಕೂ ಅದೇ ಗತಿ. ಒಂದು ಸಮುದಾಯಕ್ಕೇ ಅಡ್ಡಹೆಸರು. ಅರ್ಧ ಹೆಸರನ್ನ ಹಿಡ್ಕೊಂಡು ಇಡೀ ಜನರನ್ನ ಕರೆಯೋದು.

ನಾನೂ ಅದನ್ನೇ ಮಾಡಿದ್ದೆ, ಮೀಮ್ ಮಾಡಿರಲಿಲ್ಲ ಅಷ್ಟೇ. ಎಕ್ಸೆಲ್ ಶೀಟಲ್ಲಿ ಮಾಡಿದ್ದೆ.

ಆ ಹಿರಿಯರ ಫೈಲ್ ಏನಾಯ್ತು ಅಂತ ಹೇಳಿಬಿಡ್ತೀನಿ. ಅಫಿಡವಿಟ್ ಬೇಕು ಅಂದ್ವಿ. ಸ್ಟ್ಯಾಂಪ್ ಪೇಪರ್, ನೋಟರಿ, ಸಹಿ. ‘ಮೇಲಿನ ಮೂರೂ ಹೆಸರಿನ ವ್ಯಕ್ತಿ ನಾನೊಬ್ಬನೇ’ ಅಂತ ಬರೆಸ್ಕೊಂಡು ಬಂದ್ರು. ದುಡ್ಡು ಸಿಗೋ ಹೊತ್ತಿಗೆ ಇನ್ನೂ ಎರಡು ತಿಂಗಳಾಯ್ತು. ಕೊನೇ ಸಹಿ ಹಾಕೋವಾಗ ನಕ್ಕು ಅಂದ್ರು: ‘ಅರವತ್ತು ವರ್ಷ ಆದ್ಮೇಲೆ ನಾನು ನಾನೇ ಅಂತ ಪ್ರಮಾಣ ಮಾಡಿದೆ ಕಣಮ್ಮಾ. ನಮ್ಮ ಮನೆಯವಳು ಇದ್ದಿದ್ರೆ ನಗ್ತಿದ್ಲು.’ ನಾನು ಸಾರಿ ಸರ್ ಅಂದೆ. ಅವತ್ತೂ ಅವರ ಪೂರ್ತಿ ಹೆಸರು ಹಿಡಿದು ಕರೆಯೋಕೆ ನನಗೆ ನಾಲಿಗೆ ತಿರುಗಲಿಲ್ಲ.

ಆ ಕೆಲಸ ಬಿಟ್ಟು ತುಂಬಾ ದಿನವಾಯ್ತು. ಈಗ ಪಾಡ್‌ಕಾಸ್ಟಿಗೆ ಯಾರನ್ನಾದ್ರೂ ಕರೆದ್ರೆ ಮೈಕ್ ಆನ್ ಮಾಡೋ ಮುಂಚೆ ಒಂದು ಪ್ರಶ್ನೆ ಕೇಳ್ತೀನಿ: ನಿಮ್ಮನ್ನ ಏನಂತ ಕರೀಲಿ? ಎರಡು ಸೆಕೆಂಡಿನ ಕೆಲಸ.

ನಿಮಗೊಂದು ಹೋಂವರ್ಕ್. ಇವತ್ತು ಮನೆಗೆ ಹೋಗಿ ಅಜ್ಜಿಗೋ ಅಮ್ಮಂಗೋ ಕೇಳಿ, ನನ್ನ ಹೆಸರು ಯಾರು ಇಟ್ಟಿದ್ದು, ಯಾಕೆ ಅಂತ. ಸಿಕ್ಕ ಕಥೆಯನ್ನ ವಾಯ್ಸ್ ನೋಟ್ ಮಾಡಿ ಕಳಿಸಿ. ಒಳ್ಳೇ ಕಥೆಗಳನ್ನ ಮುಂದಿನ ಎಪಿಸೋಡಲ್ಲಿ ಕೇಳಿಸ್ತೀನಿ. ಪೂರ್ತಿ ಹೆಸರು ಹೇಳೋದು ಮರೀಬೇಡಿ, ಅರ್ಧ ಬೇಡ. ಮುಂದಿನ ವಾರ ಸಿಗೋಣ.